ಟರ್ಕಿಯವರು ಬರೆದ ಕ್ಷಮೆ

ವಿಂಚೂರಿನ ಕೂಡುರಸ್ತೆಯಲ್ಲಿ ಬಸ್ಸು ನಿಂತೇ ಬಿಟ್ಟಿತು. ಲಾಸಲಗಾಂವಿನ ಮಾರುಕಟ್ಟೆಗೆ ಹೊರಟ ಈರುಳ್ಳಿ ಟ್ರಾಕ್ಟರುಗಳು ಒಂದರ ಹಿಂದೊಂದು ಅಡ್ಡ ದಾಟುತ್ತಿದ್ದವು; ಡ್ರೈವರ್ ಇಂಜಿನ್ ಆರಿಸಿ ತಂಬಾಕು ತಿಕ್ಕತೊಡಗಿದ. ಹೀಗೇ ಇನ್ನೊಂದು ಗಂಟೆ ನಿಂತರೆ ಔರಂಗಾಬಾದಿನ ಮೂರು ಗಂಟೆಯ ಸಿನಿಮಾ ತಪ್ಪುತ್ತದೆ ಎಂದು ಹರಿದಾಸನಿಗೆ ಹೊಳೆಯಿತು. ತಪ್ಪಿದರೆ ಒಳ್ಳೆಯದು ಅನ್ನಿಸಿತು. ಹಾಗೆ ಅನ್ನಿಸಿದ್ದು ಮುಖದ ಮೇಲೆ ಕಂಡೀತೆಂದು ಕಿಟಕಿಯ ಕಡೆ ತಿರುಗಿದ. ಪಕ್ಕದಲ್ಲಿ ಸರೋಜಿನಿ ಹೆಸರುಕಾಳಿನ ಬಣ್ಣದ ರೇಷ್ಮೆಸೀರೆ ಉಟ್ಟು, ತೊಡೆಯ ಮೇಲೆ ಕೋಡುಬಳೆಯ ಎರಡು ಡಬ್ಬಿ ಇಟ್ಟುಕೊಂಡು ಕೂತಿದ್ದಳು. ಒಂದು ಡಬ್ಬಿ ಮಗಳಿಗೆ, ಒಂದು ಟರ್ಕಿಯವರಿಗೆ. ನಾಸಿಕದ ಪಂಚವಟಿಯ ತಮ್ಮ ಹೋಟೆಲನ್ನು ಎರಡು ದಿನ ಕ್ಯಾಶಿಯರನ ಮೇಲೆ ಬಿಟ್ಟು ಗಂಡಹೆಂಡಿರು ಹೀಗೆ ಹೊರಟದ್ದು ಎಷ್ಟು ವರ್ಷದ ಮೇಲೋ.

"ಮುಟ್ಟುತ್ತೇವೆ ಮಾರಾಯ್ರೆ, ಹೆದರ್ಬೇಡಿ" ಎಂದಳು ಅವಳು. "ಜನವರಿಯಲ್ಲಿ ಯಾಕೆ ಹೀಗೆ ಬೆವರುದು ನೀವು?"

ಹುಷಾರಿಲ್ಲ ಅನ್ನಬಹುದಿತ್ತು. ನಿಫಾಡಿನಲ್ಲೇ ಇಳಿದು, ಎದೆ ಒತ್ತಿ ಹಿಡಿದು, ವಾಪಸು ಹೋಗೋಣ ಅನ್ನಬಹುದಿತ್ತು. ಆದರೆ ಅವಳು ಡಾಕ್ಟರನ್ನು ಹುಡುಕುತ್ತಾಳೆ, ಡಾಕ್ಟರು ಏನೂ ಇಲ್ಲ ಅನ್ನುತ್ತಾನೆ, ಮತ್ತೆ ಮುಂದಿನ ಬಸ್ಸು. ಮಗಳು ಅಶ್ವಿತಾ ಕಾಲೇಜಿನ ಚಿತ್ರೋತ್ಸವದ ಕಾರ್ಯಕರ್ತೆ, ಪತ್ರಿಕೋದ್ಯಮ ಓದುತ್ತಿರುವವಳು, ಈ ಸಲದ ಮುಖ್ಯ ಅತಿಥಿ ಟರ್ಕಿಯ ನಿರ್ಮಾಪಕ, ಚಿತ್ರಕಥೆಗಾರ ಎಂದು ಗೊತ್ತಾದಾಗ ಫೋನಿನಲ್ಲಿ ಕುಣಿದಿದ್ದಳು. "ಅಪ್ಪ, ಅದೇ ವೇದಾತ್ ಸರ್, ನಮ್ಮ ರೂಮಿನಲ್ಲಿ ಇದ್ರಲ್ಲ, ಅವರೇ. ನೀವು ನಕ್ಕಿ, ಖಂಡಿತ ಬರ್ಬೇಕು ಹಾಂ. ಆಯೀಯನ್ನ, ಸಾರಿ, ಅಮ್ಮನ್ನ ಕರ್ಕೊಂಡು." ಯಾವ ಸಿನಿಮಾ ತೋರಿಸುತ್ತಾರೆ ಎಂದು ಅವನು ಕೇಳಲಿಲ್ಲ. ಕೇಳದೆಯೇ ಗೊತ್ತಿತ್ತು. ನಾಲ್ಕು ವರ್ಷದಿಂದ ಕ್ಯಾಶ್ ಕೌಂಟರಿನ ಕಂಪ್ಯೂಟರಿನಲ್ಲಿ, ಗಿರಾಕಿ ಇಲ್ಲದ ಹೊತ್ತಿನಲ್ಲಿ, ಅವನು ಆ ಹೆಸರನ್ನು ಹುಡುಕುತ್ತ ಬಂದಿದ್ದ. ವೇದಾತ್ ಸರಿಗೋಲ್. ಹೋಟೆಲಿನ ಹುಡುಗರ ಬಾಯಲ್ಲಿ ಅದು ವೇದಾಂತ್ ಆಗಿತ್ತು.

ಎರಡು ಸಾವಿರದ ಏಳನೇ ಇಸವಿಯ ಫೆಬ್ರವರಿಯಲ್ಲಿ ಹನ್ನೆರಡು ದಿನ ಅವರು ಹೋಟೆಲಿನ ಮಹಡಿಯ ಕೋಣೆಯಲ್ಲಿದ್ದರು. ನಾಸಿಕದ ದ್ರಾಕ್ಷಿ ತೋಟದಲ್ಲಿ ಸಿನಿಮಾ ತೆಗೆಯೋಣವೆಂದು ಹೇಳಿದ್ದ ಮುಂಬಯಿಯ ಪಾಲುದಾರ ಇವತ್ತು ಬರುತ್ತಾನೆ, ನಾಳೆ ಬರುತ್ತಾನೆ ಎಂದು ಕಾದರು; ಅವನು ಬರಲೇ ಇಲ್ಲ. ನಲವತ್ತೈದರ ಆಸುಪಾಸು, ಅಗಲ ಹೆಗಲು, ಸದಾ ಒಂದೇ ಕಂದು ಕೋಟು. ಮೂರು ಹೊತ್ತೂ ಇಡ್ಲಿ ತಿಂದು, ಮೂಲೆಯ ಮೇಜಿನಲ್ಲಿ ಕೂತು ಬರೆದು ಹರಿದು ಹಾಕುತ್ತಿದ್ದರು. ಇಪ್ಪತ್ತೆರಡರ ವಯಸ್ಸಿನಲ್ಲೇ ಇಸ್ತಾಂಬುಲಿನ ಟಿ.ವಿ. ಧಾರಾವಾಹಿಗಳಿಗೆ ಬರೆಯಲು ಸೇರಿದವರಂತೆ. ಹನ್ನೆರಡು ನಿಮಿಷಕ್ಕೊಮ್ಮೆ ಯಾರಾದರೂ ಅಳಬೇಕು ಎಂದು ನಿರ್ಮಾಪಕರ ಅಪ್ಪಣೆ. ಹಾಗೆ ಇನ್ನೂರು ಕಂತು ಅಳಿಸಿ ಬೇಸತ್ತು, ಯಾರ ಅಪ್ಪಣೆಯೂ ಬೇಡವೆಂದು ತಾವೇ ನಿರ್ಮಾಪಕರಾದರು. ತಾವೇ ಬರೆದು ತಾವೇ ತೆಗೆದ ಎರಡೂ ಸಿನಿಮಾ ಒಂದೊಂದು ವಾರ ಓಡಿದವು. ಒಂದು ಮಧ್ಯಾಹ್ನ, ಊಟದವರೆಲ್ಲ ಹೋಗಿ ಕಾಫಿಯವರು ಇನ್ನೂ ಬಾರದ ಮೂರು ಗಂಟೆಯ ಹೊತ್ತಿನಲ್ಲಿ ಅವರು, ತಮ್ಮ ಕಡೆಯ ಮರ್ಯಾದೆಯ ‘ಬೇ’ ಸೇರಿಸಿ, ಹೇಳಿದರು: "ಹರಿದಾಸ್ ಬೇ, ಇಪ್ಪತ್ತು ವರ್ಷದಿಂದ ಬರೆಯುತ್ತಿದ್ದೇನೆ. ನಿಜವಾದ ಒಬ್ಬ ಮನುಷ್ಯ ನನ್ನ ಕಥೆಯೊಳಗೆ ಬಂದು ಕೂತಿಲ್ಲ."

ಆಗ ಹರಿದಾಸ ಹೇಳಿಬಿಟ್ಟಿದ್ದ. ಯಾಕೆ ಹೇಳಿದೆ ಎಂದು ಆಮೇಲೆ ಎಷ್ಟೋ ಸಲ ಕೇಳಿಕೊಂಡಿದ್ದಾನೆ. ಇಬ್ಬರದೂ ಮುರುಕು ಇಂಗ್ಲಿಷು. ಆ ಭಾಷೆಯಲ್ಲಿ ಹೇಳಿದರೆ ಅದು ಇನ್ಯಾರಿಗೋ ಆದದ್ದು ಅನ್ನಿಸುತ್ತಿತ್ತು. ಆದರೆ ಅದಕ್ಕಿಂತ ನಾಚಿಕೆಗೇಡಿನ ಕಾರಣವೊಂದಿತ್ತು: ತಾನು ನಿಜವಾದ ಮನುಷ್ಯ ಎಂದು ಆ ದೊಡ್ಡ ಮನುಷ್ಯನೆದುರು ತೋರಿಸಿಕೊಳ್ಳುವ ಆಸೆ.

ಹೇಳಿದ್ದು ಇಷ್ಟು. ಎರಡು ಸಾವಿರದ ಮೂರರ ಸಿಂಹಸ್ಥ ಕುಂಭಮೇಳ. ಗೋದಾವರಿಯ ಶಾಹಿ ಸ್ನಾನಕ್ಕೆ ದೇಶಕ್ಕೆ ದೇಶವೇ ನಾಸಿಕಕ್ಕೆ ಬಂದಿಳಿದಿತ್ತು. ಉಡುಪಿ ಕಡೆಯ ಇನ್ನೂರು ಯಾತ್ರಿಕರಿಗೆ ಮೂರು ದಿನ ಊಟ ಹಾಕುವುದಾಗಿ ಹರಿದಾಸ ಮಾತು ಕೊಟ್ಟಿದ್ದ. ಹಿಂದಿನ ದಿನವೇ ಇಬ್ಬರು ಅಡಿಗೆಯವರು ಹೇಳದೆ ಕೇಳದೆ ಬೇರೆ ಕಡೆ ಹೋದರು. ಸರೋಜಿನಿ ಸೊಂಟಕ್ಕೆ ಸೆರಗು ಸಿಕ್ಕಿಸಿ ಒಲೆಯ ಮುಂದೆ ನಿಂತಳು. ಸೋಮವಾರ ಬೆಳಿಗ್ಗೆ ಫೋನು ಬಂತು: ಬಾರ್ಕೂರಿನಲ್ಲಿ ಅವಳ ತಾಯಿಗೆ ಜೋರಾಗಿದೆ, ಇವತ್ತೇ ಕಳಿಸಿ. ಹಿಂದೆಯೂ ಎರಡು ಸಲ ಹೀಗೇ ಫೋನು ಬಂದು, ಇವಳು ಓಡಿಹೋಗಿ, ಮುದುಕಿ ಎದ್ದು ಕೂತು ಗಂಜಿ ಕುಡಿದದ್ದುಂಟು. ಹರಿದಾಸ ಒಳಗೆ ಹೋಗಿ ಹೇಳಲಿಲ್ಲ. ಫೋನಿನ ವೈರನ್ನು ಗೋಡೆಯಿಂದ ಕಿತ್ತ. ಬುಧವಾರ ಯಾತ್ರಿಕರು ಬಸ್ಸು ಹತ್ತಿದ ಮೇಲೆ ಮತ್ತೆ ಸಿಕ್ಕಿಸಿದ. ಆ ಹೊತ್ತಿಗೆ ತಾಯಿ ಹೋಗಿ ಒಂದು ದಿನವಾಗಿತ್ತು. ಗಲಾಟೆಯಲ್ಲಿ ಲೈನು ಕೆಟ್ಟಿತ್ತು ಎಂದ. ಅವಳು ಮುಟ್ಟಿದಾಗ ಬೂದಿಯೂ ಉಳಿದಿರಲಿಲ್ಲ.

ವೇದಾತ್ ಸಾಹೇಬರು ಕೇಳಿ, ಎದ್ದು ಬಂದು ಅವನ ಹೆಗಲ ಮೇಲೆ ಕೈ ಇಟ್ಟಿದ್ದರು. ಮರುದಿನ ಕೋಣೆ ಖಾಲಿ ಮಾಡಿದರು. ಮೂರು ವರ್ಷದ ಮೇಲೆ ಅವರ ಮೂರನೇ ಸಿನಿಮಾ ಬಂತು, ಯುರೋಪಿನ ಯಾವುದೋ ಊರಿನಲ್ಲಿ ದೊಡ್ಡ ಬಹುಮಾನ ಪಡೆಯಿತು. ಅದರ ಕಥೆ ಏನೆಂದು ಕಂಪ್ಯೂಟರಿನಲ್ಲಿ ನಾಲ್ಕು ಸಾಲು ಓದಿದಾಗ ಹರಿದಾಸನ ಕೈಯಲ್ಲಿದ್ದ ಬಿಲ್ಲಿನ ಪುಸ್ತಕ ಕೆಳಗೆ ಬಿದ್ದಿತ್ತು.

"ಹೊರಟ್ತು ನೋಡಿ" ಎಂದಳು ಸರೋಜಿನಿ. ಬಸ್ಸು ಅಲುಗಿತು. ಕಂಡಕ್ಟರ್ ಔರಂಗಾಬಾದನ್ನು ಸಂಭಾಜಿನಗರ ಎನ್ನುತ್ತ, ಅಲ್ಲಿಗೆ ಎರಡೂಕಾಲಿಗೆ ಸೇರಿಸುತ್ತೇನೆ ಎಂದು ಯಾರಿಗೋ ಮರಾಠಿಯಲ್ಲಿ ಮಾತು ಕೊಡುತ್ತಿದ್ದ.

ಕಾಲೇಜಿನ ಸಭಾಂಗಣದ ಬಾಗಿಲಲ್ಲಿ ಅಶ್ವಿತಾ ಕೊರಳಿಗೆ ಗುರುತಿನ ಚೀಟಿ ತೂಗಿಸಿ ಕಾಯುತ್ತಿದ್ದಳು. ಮೂರನೇ ಸಾಲಿನಲ್ಲಿ ಕೂರಿಸಿದಳು. ದೀಪ ಆರಿತು. ಹರಿದಾಸ ಪರದೆಗಿಂತ ಹೆಚ್ಚಾಗಿ ಪರದೆಯ ಬೆಳಕು ಬಿದ್ದ ಹೆಂಡತಿಯ ಮುಖವನ್ನು ನೋಡಿದ. ಅಲ್ಲಿ ಅನಾತೋಲಿಯಾದ ಒಂದು ಊರು, ಸಂತನ ಗೋರಿಯ ಉತ್ಸವ, ಬಸ್ಸುಗಳು ನಿಲ್ಲುವಲ್ಲಿ ಒಂದು ಛತ್ರದಂಥ ಹೋಟೆಲು. ಹೆಂಡತಿ ರೊಟ್ಟಿ ಸುಡುತ್ತಾಳೆ. ಗಂಡ, ಸಣಕಲು ಮೀಸೆಯವನು, ಫೋನಿನಲ್ಲಿ ಮಾತಾಡಿ ಮುಗಿಸಿ ವೈರು ಕೀಳುತ್ತಾನೆ. ಆ ನಟ ಬೆರಳಿಗೆ ವೈರು ಸುತ್ತಿಕೊಂಡು ಎಳೆಯುತ್ತಾನೆ, ಗೋಡೆಯ ಸುಣ್ಣ ಒಂದು ಹಕ್ಕಳೆ ಉದುರುತ್ತದೆ. ಇಷ್ಟು ವಿವರ ತಾನು ಹೇಳಿದ್ದನೇ? ಸುಣ್ಣ ಉದುರಿದ್ದು ನಿಜ. ಹೇಳಿದ್ದು ನೆನಪಿಲ್ಲ. ಸರೋಜಿನಿಯ ಕೈ ಡಬ್ಬಿಯ ಮುಚ್ಚಳದ ಮೇಲಿತ್ತು. ಮುಚ್ಚಳ ಟಿಕ್ ಎಂದು ಸದ್ದು ಮಾಡಿತು. ಅಷ್ಟೆ.

ಆದರೆ ಸಿನಿಮಾ ಸಾಗಿದಂತೆ ಅವನಿಗೆ ಇನ್ನೊಂದು ಬಗೆಯ ಭಯ ಹುಟ್ಟತೊಡಗಿತು. ಪರದೆಯ ಮೇಲಿನ ಮನುಷ್ಯ ಒಳ್ಳೆಯವನಾಗಿದ್ದ. ಅವನು ರಾತ್ರಿಯೆಲ್ಲ ನಿದ್ದೆಯಿಲ್ಲದೆ ಒದ್ದಾಡಿದ, ಹೆಂಡತಿ ಮಲಗಿದ್ದಾಗ ಅವಳ ಕಾಲ ಬಳಿ ಕೂತು ಅತ್ತ. ಕೊನೆಗೆ ಎಲ್ಲವನ್ನೂ ಬಾಯಿಬಿಟ್ಟು ಹೇಳಿದಾಗ ಆ ಹೆಂಗಸು ಎದ್ದುಹೋಗಿ ಒಂದು ಲೋಟ ಚಹಾ ತಂದು ಅವನ ಮುಂದಿಟ್ಟಳು. ಸಭೆ ಉಸಿರು ಬಿಟ್ಟಿತು. ಹರಿದಾಸನಿಗೆ ಮಾತ್ರ, ಇದಲ್ಲ, ಇಷ್ಟೇ ಅಲ್ಲ ಎಂದು ಒಳಗೆ ಯಾರೋ ಗೋಡೆ ಗುದ್ದಿದಂತಾಯಿತು. ಯಾಕೆಂದರೆ ವೇದಾತ್ ಸಾಹೇಬರಿಗೂ ಅವನು ಅರ್ಧವನ್ನೇ ಹೇಳಿದ್ದ. ಸೋಮವಾರ ಫೋನು ಬಂದದ್ದು ಒಂದಲ್ಲ, ಎರಡು. ಬೆಳಿಗ್ಗೆ ಮಾಡಿದವನು ಸರೋಜಿನಿಯ ತಮ್ಮ ಮಧುಕರ. ಸಂಜೆ ಮತ್ತೆ ಅವನೇ: "ಭಾವ, ಅಕ್ಕ ಹೊರಟಳಾ? ಅಮ್ಮ ಬಾಗಿಲಲ್ಲಿ ಸದ್ದಾದ್ರೆ ಸರೋಜ ಬಂದಳಾ ಅಂತ ಕೇಳ್ತಾಳೆ." ಎದುರಿಗೆ ಎಂಬತ್ತು ಜನ ಎಲೆ ಮುಂದೆ ಕೂತಿದ್ದರು. ಹರಿದಾಸನ ಬಾಯಿಂದ ಬಂತು: "ಅವಳಿಗೆ ಹೇಳಿದೆ ಮಾರಾಯ. ಈ ಜನ ಎಲ್ಲ ಹೋಗ್ಲಿ, ಮತ್ತೆ ಬರ್ತೇನೆ ಅಂತಾಳೆ. ಎರಡು ಸಲ ಹೀಗೇ ಹೆದರಿಸಿದ್ರಲ್ಲ ಅಂತ ಅವಳಿಗೂ ಬೇಜಾರು." ಆ ಕಡೆ ಫೋನು ಇಟ್ಟ ಸದ್ದು. ವೈರು ಕಿತ್ತದ್ದು ಅದರ ನಂತರ, ಅವಳ ಕೈಗೆ ಫೋನು ಸಿಗಬಾರದೆಂದು.

ಆವತ್ತಿನಿಂದ ಮಧುಕರ ಅಕ್ಕನ ಜೊತೆ ಮಾತಾಡಿಲ್ಲ. ತಾಯಿಯ ಹದಿಮೂರನೇ ದಿನ ಬಡಿಸಲು ಬಂದವನು ಅವಳ ಎಲೆಯನ್ನು ದಾಟಿ ಹೋದ. ಅವನ ಮಗನ ಉಪನಯನಕ್ಕೆ ಕರೆಯ ಕಾಗದ ಬರಲಿಲ್ಲ. ಸರೋಜಿನಿ ಮೊದಮೊದಲು, ಅವನಿಗೆ ದುಃಖ, ಸರಿಯಾಗುತ್ತಾನೆ ಎಂದಳು. ಆಮೇಲೆ, ಅವನ ಹೆಂಡತಿಯದೇ ಏನೋ ಇರಬೇಕು ಎಂದಳು. ಆಮೇಲೆ ಆ ಮಾತು ಎತ್ತುವುದನ್ನೇ ಬಿಟ್ಟಳು. ಹತ್ತು ವರ್ಷ ದಾಟಿತು.

ದೀಪ ಹತ್ತಿತು. ವೇದಾತ್ ಸಾಹೇಬರು ವೇದಿಕೆ ಹತ್ತಿದರು. ಹೊಟ್ಟೆ ಬಂದಿತ್ತು, ಕೂದಲು ಹೋಗಿತ್ತು, ಕೋಟು ಹೊಸದಾಗಿತ್ತು. ಅವರ ಇಂಗ್ಲಿಷನ್ನು ಹಿಂದಿಗೆ ಹೇಳಲು ಪಕ್ಕದಲ್ಲಿ ಅಶ್ವಿತಾ. ತಮ್ಮ ವೃತ್ತಿಯ ಬಗ್ಗೆ ತಮಾಷೆಯಾಗಿ ಮಾತಾಡಿದರು. ಲೇಖಕನಾಗಿದ್ದಾಗ ನಿರ್ಮಾಪಕರನ್ನು ಬೈಯುತ್ತಿದ್ದೆ, ನಿರ್ಮಾಪಕನಾದ ಮೇಲೆ ನನ್ನೊಳಗಿನ ಲೇಖಕನನ್ನು ಬೈಯುತ್ತಿದ್ದೇನೆ ಎಂದಾಗ ಜನ ನಕ್ಕರು. ಕೊನೆಯ ಆ ಚಹಾದ ದೃಶ್ಯ ಕಥೆಯಲ್ಲಿ ಇರಲಿಲ್ಲ, ಹಣ ಹಾಕಿದವರು ಕೇಳಿದ್ದಕ್ಕೆ ಬರೆದೆ, ಬಹುಮಾನ ಬಂದದ್ದು ಅದಕ್ಕೇ ಎಂದರು. ಆಗ ಹಿಂದಿನ ಸಾಲಿನಿಂದ ಒಬ್ಬ ಪ್ರಾಧ್ಯಾಪಕರು ಎದ್ದು ಕೇಳಿದರು: ಈ ಕಥೆ ನಿಮಗೆ ಸಿಕ್ಕಿದ್ದು ಎಲ್ಲಿ?

ವೇದಾತ್ ಸಾಹೇಬರ ಕಣ್ಣು ಸಭೆಯ ಮೇಲೆ ಹಾಯುತ್ತ ಬಂದು ಮೂರನೇ ಸಾಲಿನಲ್ಲಿ ನಿಂತಿತು. ಗುರುತು ಹಿಡಿದರು. ಮುಖ ಅರಳುವುದರಲ್ಲಿತ್ತು. ಹರಿದಾಸ ತಲೆ ತಗ್ಗಿಸಲೂ ಆಗದೆ, ಎದ್ದು ಓಡಲೂ ಆಗದೆ, ಕುರ್ಚಿಯ ಕೈ ಹಿಡಿದುಕೊಂಡ. ಅವರ ಕಣ್ಣು ಪಕ್ಕದ ರೇಷ್ಮೆಸೀರೆಯ ಹೆಂಗಸಿನ ಕಡೆ ಸರಿಯಿತು. ಕೆಮ್ಮಿದರು. ಭಾರತದ ಒಂದು ತೀರ್ಥಕ್ಷೇತ್ರದಲ್ಲಿ ಒಬ್ಬ ಹೋಟೆಲಿನವನು ಹೇಳಿದ್ದು; ಅವನು ಈಗ ಬದುಕಿಲ್ಲ ಎಂದರು. ಅಶ್ವಿತಾ ಮೈಕನ್ನು ಇಳಿಸಿದಳು. ಅಪ್ಪನ ಕಡೆ ನೋಡಿದಳು. ಆಮೇಲೆ ಮೈಕಿನಲ್ಲಿ ಸ್ಪಷ್ಟವಾಗಿ, "ವೋ ಅಬ್ ನಹೀ ರಹೇ" ಎಂದಳು.

ಹೊರಗೆ ಜಗಲಿಯಲ್ಲಿ ಗುಂಪು ಕರಗಿದ ಮೇಲೆ ಅವರೇ ಬಂದು ಹರಿದಾಸನ ಎರಡೂ ಕೈ ಹಿಡಿದರು. ಸರೋಜಿನಿ ಕೊಟ್ಟ ಡಬ್ಬಿಯನ್ನು ಎದೆಗೆ ಒತ್ತಿಕೊಂಡು ಅವಳಿಗೆ ಏನೋ ಹೇಳಿದರು. "ಅಪ್ಪ ಎಕ್‌ದಮ್ ಪ್ರಾಮಾಣಿಕ್ ಮನುಷ್ಯ, ಇಂಥವರನ್ನ ತಾನು ನೋಡ್ಲಿಲ್ಲ ಅಂತಿದ್ದಾರೆ" ಎಂದು ಅಶ್ವಿತಾ ಹೇಳಿದಳು, ನೆಲ ನೋಡುತ್ತ. ಸರೋಜಿನಿ ಕೈ ಮುಗಿದಳು. ಹೊರಡುವ ಮೊದಲು ಸಾಹೇಬರು ಹರಿದಾಸನನ್ನು ಕಂಬದ ಮರೆಗೆ ಕರೆದೊಯ್ದರು. ಹತ್ತಿರದಿಂದ ನೋಡಿದರೆ ಕಣ್ಣ ಕೆಳಗೆ ಚೀಲ ಜೋತಿತ್ತು. ಆ ಸಿನಿಮಾದ ಮೇಲೆ ಮೂರು ತೆಗೆದೆ, ಮೂರೂ ಸತ್ತವು, ಈಗ ಇಂಥ ಉತ್ಸವಗಳಿಗೆ ಹೋಗಿ ಆ ಒಂದರ ಬಗ್ಗೆಯೇ ಮಾತಾಡುತ್ತೇನೆ ಎಂದರು. ಮತ್ತೆ ದನಿ ತಗ್ಗಿಸಿ, ಅಂಗಡಿಯವನ ಹತ್ತಿರ ಮುಗಿದುಹೋದ ಸಾಮಾನು ಕೇಳುವವರ ಹಾಗೆ, "ಹರಿದಾಸ್ ಬೇ, ಇನ್ನೊಂದು ಇದೆಯೇ ನಿಮ್ಮ ಹತ್ತಿರ?" ಎಂದು ಕೇಳಿದರು.

"ಇಲ್ಲ" ಎಂದ ಹರಿದಾಸ. ಎಷ್ಟು ಬೇಗ ಹೇಳಿದನೆಂದರೆ ಅವರು ಒಂದು ಹೆಜ್ಜೆ ಹಿಂದೆ ಸರಿದರು.

ತಂಗಲು ಹಿಡಿದ ಲಾಡ್ಜಿಗೆ ಇಬ್ಬರೂ ನಡೆದೇ ಹೋದರು. ಇನ್ನೂ ಬೆಳಕಿತ್ತು. ಪೇರಲೆ ಹಣ್ಣಿನ ಗಾಡಿಯ ಹತ್ತಿರ ಸರೋಜಿನಿ ನಿಂತಳು, ಹಣ್ಣು ಒತ್ತಿ ನೋಡುತ್ತ, ಅವನ ಕಡೆ ತಿರುಗದೆ ಹೇಳಿದಳು: "ಅದು ನಮ್ದೇ ಅಲ್ವಾ."

ಅವನು ದುಡ್ಡಿಗೆಂದು ಜೇಬಿಗೆ ಕೈ ಹಾಕಿದ.

"ವೈರು ಕಿತ್ತದ್ದು ನಂಗೆ ಆವತ್ತೇ ಗೊತ್ತುಂಟು. ಕಸ ಗುಡಿಸುವಾಗ ಸುಣ್ಣ ಬಿದ್ದದ್ದು ನೋಡಿದ್ದೆ. ಲೈನು ಕೆಟ್ಟದ್ದಾದ್ರೆ ಗೋಡೆ ಯಾಕೆ ಕಿತ್ತು ಬರ್ತದೆ." ಎರಡು ಹಣ್ಣು ಆರಿಸಿದಳು. "ಆ ಹೆಂಗಸಿನಷ್ಟು ಒಳ್ಳೆಯವಳಲ್ಲ ನಾನು. ಚಾ ತಂದು ಇಡ್ಲಿಕ್ಕೆ ನಂಗೆ ಎರಡು ವರ್ಷ ಬೇಕಾಯ್ತು. ನಿಮಗೆ ಗೊತ್ತೂ ಆಗ್ಲಿಲ್ಲ. ಅಷ್ಟು ಜನ ಊಟಕ್ಕೆ ಕೂತಿದ್ರು, ನೀವಾದ್ರೂ ಎಂತ ಮಾಡ್ತೀರಿ. ಬಿಡಿ. ಹೇಳ್ಲಿಕ್ಕೆ ಆಗದೆ ಆ ಟರ್ಕಿಯವರ ಹತ್ರ ಹೇಳಿದ್ದಲ್ಲ, ಅದಕ್ಕೆ ಸ್ವಲ್ಪ ಬೇಜಾರು. ಅಷ್ಟೆ."

ಹೀಗೆ, ರಸ್ತೆಯ ಬದಿಯಲ್ಲಿ, ಹಣ್ಣು ಆರಿಸುತ್ತ ಅವಳು ಅವನನ್ನು ಕ್ಷಮಿಸಿಬಿಟ್ಟಳು. ಇಷ್ಟು ವರ್ಷ ಇದಕ್ಕೇ ಹೆದರಿದ್ದನೇ? ಮೈ ಹಗುರಾಗಬೇಕಿತ್ತು. ಎರಡು ಹೆಜ್ಜೆ ಹಗುರಾಗಿಯೂ ನಡೆದ. ಆಗ ಅವಳು, ತನ್ನಷ್ಟಕ್ಕೇ ಅಂದಂತೆ, "ಅಮ್ಮ ಹೋದದ್ದು ಹೋಯ್ತು. ಅವಳೊಟ್ಟಿಗೆ ಮಧುಕರನೂ ಯಾಕೆ ಹೋದ, ಅದೊಂದು ನಂಗೆ ಇವತ್ತಿಗೂ ಅರ್ಥ ಆಗ್ಲಿಲ್ಲ" ಎಂದಳು.

ಸುಮ್ಮನಿರಬಹುದಿತ್ತು. ಕ್ಷಮೆ ಸಿಕ್ಕಾಗಿತ್ತು, ಪ್ರಾಮಾಣಿಕ ಎಂಬ ಬಿರುದೂ ಸಿಕ್ಕಿತ್ತು. ಉಳಿದರ್ಧ ಗೊತ್ತಿದ್ದವನು ಜಗತ್ತಿನಲ್ಲಿ ತಾನೊಬ್ಬನೇ. ಮಧುಕರನಿಗೆ ಕೂಡ ಅದು ಸುಳ್ಳೆಂದು ಗೊತ್ತಿಲ್ಲ. ಆ ರಾತ್ರಿ ಲಾಡ್ಜಿನ ಹಾಸಿಗೆಯ ಮೇಲೆ ಸರೋಜಿನಿ ಬಹಳ ದಿನದ ಮೇಲೆ ನಿಶ್ಚಿಂತೆಯಿಂದ ನಿದ್ದೆ ಹೋದಳು. ಪರದೆಯ ಮೇಲಿನ ಆ ಮೀಸೆಯವನ ಹಾಗೆ ಅವಳ ಕಾಲ ಬಳಿ ಕೂತು ಅಳೋಣವೆಂದುಕೊಂಡ. ಅದನ್ನು ಈಗಾಗಲೇ ಯಾರೋ ಚೆನ್ನಾಗಿ ಮಾಡಿದ್ದಾರೆ ಅನ್ನಿಸಿ ಅಸಹ್ಯವಾಯಿತು.

ಮರುದಿನ ಬೆಳಿಗ್ಗೆ ನಾಸಿಕದ ಬಸ್ಸು ವೈಜಾಪುರದಲ್ಲಿ ಹದಿನೈದು ನಿಮಿಷ ನಿಂತಿತು. ಎತ್ತಿನ ಹಗ್ಗ, ಬೀಜದ ಚೀಲ ಹಿಡಿದ ಜನ. ನಿಲ್ದಾಣದ ಕಲ್ಲು ಬೆಂಚಿನ ಮೇಲೆ ಚಹಾ ಕುಡಿಯುತ್ತ ಸರೋಜಿನಿ, ಅಶ್ವಿತಾ ಸೊರಗಿದ್ದಾಳೆ, ಹಾಸ್ಟೆಲಿನ ಊಟ ಸರಿಯಿಲ್ಲ ಎಂದು ಏನೋ ಹೇಳುತ್ತಿದ್ದಳು. ಅವಳ ಮಾತು ಮುಗಿಯುವ ಮೊದಲೇ ಹರಿದಾಸ ಹೇಳತೊಡಗಿದ. ಕನ್ನಡದಲ್ಲಿ ಹೇಳುವುದು ಅವನು ಎಣಿಸಿದ್ದಕ್ಕಿಂತ ಕಷ್ಟವಾಯಿತು. ಇಂಗ್ಲಿಷಿನಲ್ಲಿ ಅವಳ ತಮ್ಮ, ಅವಳ ಅಮ್ಮ ಬರೀ ಹೆಸರುಗಳಾಗಿದ್ದರು. ಎರಡನೇ ಫೋನು ಎಂದ. ಮಧುಕರ ಎಂದ. ತಾನು ಹೇಳಿದ ಮಾತನ್ನು, ಇದ್ದದ್ದು ಇದ್ದ ಹಾಗೆ, ಒಂದಕ್ಷರ ಬಿಡದೆ ಹೇಳಿದ. ಎರಡು ಸಲ ಹೆದರಿಸಿದ್ರಲ್ಲ ಎಂಬುದನ್ನೂ.

ಸರೋಜಿನಿ ಲೋಟವನ್ನು ಬೆಂಚಿನ ಮೇಲೆ ಇಟ್ಟಳು.

"ನಾನು ಹೇಳಿದೆ ಅಂತ ಹೇಳಿದ್ರಾ?"

"ಹೌದು."

"ಬೇಜಾರು ಅಂತ, ನಾನು?"

"ಹೌದು."

ಅವಳು ಅಳಲಿಲ್ಲ. ಮುಖದಲ್ಲಿ ಅವನು ಹಿಂದೆಂದೂ ಕಾಣದ ಒಂದು ಲೆಕ್ಕಾಚಾರ ನಡೆದಿತ್ತು. ಹತ್ತು ವರ್ಷದ ಒಂದೊಂದು ದಿನವನ್ನೂ, ದಾಟಿ ಹೋದ ಎಲೆಯನ್ನೂ, ಬಾರದ ಕಾಗದವನ್ನೂ ತೆಗೆದು ಹೊಸ ಜಾಗದಲ್ಲಿ ಇಡುತ್ತಿರುವಂತೆ. ನಿನ್ನೆ ಹಣ್ಣಿನ ಗಾಡಿಯ ಹತ್ತಿರ ಆಡಿದ ಮಾತನ್ನು ವಾಪಸು ತೆಗೆದುಕೊಳ್ಳುತ್ತಾಳೆ ಎಂದು ಅವನು ಕಾದ. ಅವಳು ಅದರ ಸುದ್ದಿಯನ್ನೇ ಎತ್ತಲಿಲ್ಲ.

"ಫೋನ್ ತೆಗೀರಿ" ಎಂದಳು. "ಅವನಿಗೆ ಹೇಳಿ. ನಾನು ಹೇಳಿದ್ರೆ ಈಗ ಕಥೆ ಕಟ್ತಾಳೆ ಅಂತಾನೆ. ನೀವೇ ಹೇಳ್ಬೇಕು."

ಹತ್ತು ವರ್ಷದಿಂದ ಯಾರೂ ಒತ್ತದ ಆ ನಂಬರನ್ನು ಅವಳು ತಡೆಯದೆ ಒಂದೊಂದೇ ಅಂಕಿ ಹೇಳಿದಳು. ಅವನು ಒತ್ತಿದ. ಬಾರ್ಕೂರಿನ ಮನೆಯಲ್ಲಿ ಗಂಟೆ ಬಡಿಯಿತು. ಯಾರೂ ಎತ್ತದಿರಲಿ ಎಂದುಕೊಳ್ಳುವಷ್ಟರಲ್ಲಿ, "ಯಾರು?" ಎಂದು ಮಧುಕರನ ದನಿ. ಹರಿದಾಸ ಹೆಸರು ಹೇಳಿದ. ಆ ಕಡೆ ಫೋನು ಇಡಲಿಲ್ಲ. ಅವನು ಹೇಳಿದ. ಹಿಂದೆ ಬಸ್ಸುಗಳ ಹೆಸರು ಕೂಗುವ ಮೈಕು, ಮುಂದೆ ಸರೋಜಿನಿಯ ಅಲುಗದ ಕಣ್ಣು. ಎರಡು ಸಲ ನಡುವೆ ನಿಲ್ಲಿಸಿದ. ಅವಳು ಕೈಯಾಡಿಸಿ, ಮುಂದೆ ಹೇಳಿ ಎಂದಳು. ಅವಳಿಗೆ ಗೊತ್ತೇ ಇರ್ಲಿಲ್ಲ ಮಧುಕರ, ಅವಳಿಗೆ ಬುಧವಾರದವರೆಗೆ ಏನೂ ಗೊತ್ತಿರ್ಲಿಲ್ಲ, ಆ ಮಾತು ನಂದು, ಎಂದು ಮುಗಿಸಿದ. ಬೈಯುತ್ತಾನೆ ಎಂದುಕೊಂಡ. ಬೈದಿದ್ದರೆ ಉಪಕಾರವಾಗುತ್ತಿತ್ತು.

"ಅಕ್ಕನಿಗೆ ಕೊಡಿ" ಎಂದ ಮಧುಕರ. "ಅಮ್ಮ ಕೊನೆಗೆ ಅವಳಿಗೆ ಹೇಳು ಅಂತ ಒಂದು ಮಾತು ಹೇಳಿದ್ಳು. ನಾನು ಹೇಳ್ಲಿಲ್ಲ. ಸಿಟ್ಟಲ್ಲಿ ಹೇಳ್ಲಿಲ್ಲ."

ಸರೋಜಿನಿ ಫೋನು ತೆಗೆದುಕೊಂಡು ನಿಲ್ದಾಣದ ಆ ತುದಿಗೆ, ಸೈಕಲ್ಲುಗಳು ನಿಂತ ಕಡೆಗೆ ನಡೆದಳು. ಗೋಡೆಗೆ ಮುಖ ಮಾಡಿ ನಿಂತಳು. ಅವಳ ಬೆನ್ನು ಮಾತ್ರ ಕಾಣುತ್ತಿತ್ತು. ಮೊದಲು ಅವಳೇನೋ ಹೇಳಿದಳು. ಆಮೇಲೆ ಬರೀ ಕೇಳಿದಳು. ಕಂಡಕ್ಟರ್ ಸೀಟಿ ಊದಿದ. ಹರಿದಾಸ ಓಡಿಹೋಗಿ, "ಎಕ್ ಮಿನಿಟ್, ಬಾಯಿ ಯೇತೇ" ಎಂದು ಮರಾಠಿಯಲ್ಲಿ, ಹೆಂಡತಿ ಬರುತ್ತಿದ್ದಾಳೆಂದು ಅಂಗಲಾಚಿ ಬಾಗಿಲಿನ ಸರಳು ಹಿಡಿದು ನಿಂತ. ಒಳಗಿನಿಂದ ಯಾರೋ ಗೊಣಗಿದರು. ಅವಳು ಅವಸರ ಮಾಡಲಿಲ್ಲ. ಕೊನೆಗೆ ಸೆರಗಿನಿಂದ ಮುಖ ಒತ್ತಿಕೊಂಡು, ನಿಧಾನವಾಗಿ ಅಂಗಳ ದಾಟಿ ಬಂದು ಫೋನನ್ನು ಅವನ ಕೈಗೆ ಇಟ್ಟಳು. ಅದು ಬಿಸಿಯಾಗಿತ್ತು.

"ಎಂತ ಹೇಳಿದ್ರಂತೆ ಅಮ್ಮ?" ಎಂದು ಕೇಳಿದ.

ಸರೋಜಿನಿ ಮೆಟ್ಟಿಲು ಹತ್ತಿ ತಿರುಗಿ ನೋಡಿದಳು. ಕಣ್ಣು ಕೆಂಪಾಗಿತ್ತು, ದನಿಯಲ್ಲಿ ಸಿಟ್ಟಿರಲಿಲ್ಲ.

"ಅದು ನಂಗೆ ಹೇಳಿದ್ದು" ಎಂದು, ಮುಂದಿನ ಹೆಂಗಸರ ಸೀಟಿನಲ್ಲಿ, ಹೂಕೋಸಿನ ಬುಟ್ಟಿ ಇಟ್ಟುಕೊಂಡಿದ್ದ ಒಬ್ಬ ಅಜ್ಜಿಯ ಪಕ್ಕದಲ್ಲಿ ಹೋಗಿ ಕೂತಳು.